ಹಣಿಕಿ ಹಾಕುವ ಕಣ್ಣು, ಕ್ಯಾಮೆರಾದ ಮುಂದಿನ ಮುಖ

(ಸಂಸ್ಥೆಯ ವಾರ್ಷಿಕ ಸಮಾರಂಭದಲ್ಲಿ ಮಾಡಿದ ಭಾಷಣದ ಬರಹ ರೂಪ)



 

ಶಿಕ್ಷಣ ಸಂಸ್ಥೆಯ ವೇದಿಕೆಯಲ್ಲಿ ಸಾಮಾನ್ಯವಾಗಿ ಪರೀಕ್ಷೆ, ವಿದ್ಯಾರ್ಥಿವೇತನ, ಸ್ಪರ್ಧಾತ್ಮಕ ಪರೀಕ್ಷೆಗಳ ತಯಾರಿ ಮುಂತಾದ ವಿಷಯಗಳ ಬಗ್ಗೆ ಮಾತನಾಡುವುದು ರೂಢಿ. ಇಂದು ನಾನು ಕ್ಯಾಮೆರಾದ ಬಗ್ಗೆ ಮಾತನಾಡಲು ಬಂದಿದ್ದೇನೆ. ಹಿರಿಯರು ಆಶ್ಚರ್ಯಪಡಬಹುದು. ಆದರೆ ಜೈನಾಪುರದಂಥ ಊರಿನಿಂದ ವಿಜಯಪುರದ ಕಾಲೇಜಿಗೆ ಬಸ್ಸಿನಲ್ಲಿ ಹೋಗಿಬರುವ ಒಬ್ಬ ಹುಡುಗಿಯ ಓದು ನಿಲ್ಲುವುದಕ್ಕೆ ಇವತ್ತು ಬಡತನವೊಂದೇ ಕಾರಣವಾಗಬೇಕಾಗಿಲ್ಲ. ಯಾರೋ ಮೊಬೈಲಿನಲ್ಲಿ ಕದ್ದು ತೆಗೆದ ಒಂದು ಫೋಟೊ ಸಾಕು. ಆದ್ದರಿಂದ ಇದು ಶಿಕ್ಷಣದ ವಿಷಯವೇ ಆಗಿದೆ.

ನಮ್ಮ ಕಡೆ 'ಹಣಿಕಿ ಹಾಕುವುದು' ಎಂಬ ಮಾತಿದೆ. ಬಾಗಿಲ ಸಂದಿಯಿಂದಲೋ ಗೋಡೆಯ ಮರೆಯಿಂದಲೋ ಇನ್ನೊಬ್ಬರ ಮನೆಯೊಳಗೆ, ಅವರಿಗೆ ತಿಳಿಯದಂತೆ ನೋಡುವುದು. ಚಿಕ್ಕ ಮಕ್ಕಳು ಹಾಗೆ ಮಾಡಿದರೆ ಬೈದು ಬುದ್ಧಿ ಹೇಳುತ್ತೇವೆ. ದೊಡ್ಡವರು ಮಾಡಿದರೆ ಊರೇ ಛೀ ಎನ್ನುತ್ತದೆ. ಆದರೆ ಅದೇ ಕೆಲಸವನ್ನು ಕ್ಯಾಮೆರಾದ ಮೂಲಕ ಮಾಡಿದರೆ ನಮಗೆ ಅದು ಹಣಿಕಿ ಹಾಕುವುದು ಎಂದು ಅನ್ನಿಸುವುದೇ ಇಲ್ಲ. ಏಕೆ? ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು ಮುಂದೆ ಹೋಗೋಣ.

ಚಲನಚಿತ್ರದ ಚರಿತ್ರೆಯೇ ಒಂದು ಕಿಂಡಿಯಿಂದ ಆರಂಭವಾಗುತ್ತದೆ. 1894ರಲ್ಲಿ ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ ಎಡಿಸನ್ ಕಂಪನಿಯ 'ಕಿನೆಟೊಸ್ಕೋಪ್' ಯಂತ್ರಗಳನ್ನು ಸಾರ್ವಜನಿಕರಿಗಾಗಿ ಇಟ್ಟರು. ಅದೊಂದು ಮರದ ಪೆಟ್ಟಿಗೆ. ಒಮ್ಮೆಗೆ ಒಬ್ಬನೇ ಬಗ್ಗಿ ಅದರ ಕಿಂಡಿಯಲ್ಲಿ ಕಣ್ಣಿಟ್ಟು, ಒಳಗೆ ಓಡುವ ಚಿತ್ರ ನೋಡಬೇಕಿತ್ತು. ಮರುವರ್ಷ, ಅಂದರೆ 1895ರಲ್ಲಿ, ಫ್ರಾನ್ಸಿನ ಲುಮಿಯೇರ್ ಸಹೋದರರು ತಮ್ಮ ಕಾರ್ಖಾನೆಯಿಂದ ಕಾರ್ಮಿಕರು ಹೊರಬರುವ ದೃಶ್ಯವನ್ನು ಚಿತ್ರಿಸಿ ದೊಡ್ಡ ಪರದೆಯ ಮೇಲೆ ತೋರಿಸಿದರು. ಮೇಲ್ನೋಟಕ್ಕೆ ಅದು ಇದ್ದದ್ದನ್ನು ಇದ್ದ ಹಾಗೆ ತೆಗೆದ ಚಿತ್ರ. ಆದರೆ ಆ ಚಿತ್ರಕ್ಕೆ ಮೂರು ಆವೃತ್ತಿಗಳಿವೆ. ಅಂದರೆ ಆ ಕಾರ್ಮಿಕರು ಒಂದಕ್ಕಿಂತ ಹೆಚ್ಚು ಸಲ ಕ್ಯಾಮೆರಾಕ್ಕಾಗಿ ಹೊರಬಂದಿದ್ದಾರೆ. ಕ್ಯಾಮೆರಾ ಇಟ್ಟವರು ಅವರಿಗೆ ಸಂಬಳ ಕೊಡುವ ಮಾಲೀಕರು. 'ನಾವು ಒಲ್ಲೆವು' ಎನ್ನುವುದು ಎಷ್ಟು ಜನರಿಗೆ ಸಾಧ್ಯವಿತ್ತು, ನೀವೇ ಯೋಚಿಸಿ.

ಹೀಗೆ ಚಲನಚಿತ್ರ ಹುಟ್ಟಿದ ಎರಡೇ ವರ್ಷಗಳಲ್ಲಿ ಎರಡು ಸಂಗತಿಗಳು ಜೊತೆಯಾಗಿ ಕಾಣಿಸಿಕೊಂಡವು. ಒಂದು, ಕಿಂಡಿಯಿಂದ ನೋಡುವ ಚಟ. ಇನ್ನೊಂದು, ಕ್ಯಾಮೆರಾದ ಮುಂದೆ ನಟಿಸುವ ಒತ್ತಾಯ. ಇಂದು ನಮ್ಮ ಅಂಗೈಯಲ್ಲಿರುವ ಮೊಬೈಲ್ ಈ ಎರಡನ್ನೂ ಒಂದೇ ಗಾಜಿನ ಮೇಲೆ ತಂದು ಕೂಡಿಸಿದೆ. ಬೆಳಿಗ್ಗೆ ನಾವು ಇನ್ನೊಬ್ಬರ ಬದುಕನ್ನು ಹಣಿಕಿ ಹಾಕುತ್ತೇವೆ, ಸಂಜೆ ಇನ್ನೊಬ್ಬರು ನೋಡಲಿ ಎಂದು ನಾವೇ ನಟಿಸುತ್ತೇವೆ.

ಈ ವಿಷಯವನ್ನು ನಮ್ಮ ಕರ್ನಾಟಕದಲ್ಲಿಯೇ ಬಹಳ ಗಂಭೀರವಾಗಿ ಕೈಗೆತ್ತಿಕೊಂಡ ಒಬ್ಬ ಕಲಾವಿದೆ ಇದ್ದಾರೆ. ಅವರ ಹೆಸರು ಎನ್. ಪುಷ್ಪಮಾಲಾ. 1956ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದವರು. ಬರೋಡಾದ ಮಹಾರಾಜಾ ಸಯಾಜಿರಾವ್ ವಿಶ್ವವಿದ್ಯಾಲಯದಲ್ಲಿ ಶಿಲ್ಪಕಲೆ ಕಲಿತು, 1990ರ ದಶಕದ ನಡುವಿನಿಂದ ಕ್ಯಾಮೆರಾದತ್ತ ಹೊರಳಿದರು. ಇಲ್ಲಿ ಒಂದು ವಿಶೇಷವನ್ನು ಗಮನಿಸಬೇಕು. ಅವರು ಕ್ಯಾಮೆರಾ ಹಿಡಿದು ಬೇರೆಯವರ ಚಿತ್ರ ತೆಗೆಯಲು ಹೊರಡಲಿಲ್ಲ. ತಾವೇ ವೇಷ ಹಾಕಿಕೊಂಡು ಕ್ಯಾಮೆರಾದ ಮುಂದೆ ನಿಂತರು. ಏನು ತೆಗೆಯಬೇಕು, ಹೇಗೆ ತೆಗೆಯಬೇಕು ಎಂಬ ತೀರ್ಮಾನವೂ ಅವರದೇ. ನೋಡಿಸಿಕೊಳ್ಳುವ ಹೆಣ್ಣೂ ಅವರೇ, ನೋಟವನ್ನು ನಿರ್ದೇಶಿಸುವವರೂ ಅವರೇ.

2004ರಲ್ಲಿ ಅವರು 'ರಾಷ್ಟ್ರೀಯ ಖೀರ್ ಔರ್ ದೇಸೀಯ ಸಲಾಡ್' ಎಂಬ ಕಪ್ಪು-ಬಿಳುಪಿನ ಕಿರುಚಿತ್ರ ಮಾಡಿದರು. ಅವಧಿ ಸುಮಾರು ಹನ್ನೊಂದು ನಿಮಿಷ. ಇಂಥ ಚಿತ್ರಗಳನ್ನು ಪ್ರಯೋಗಾತ್ಮಕ ಕಿರುಚಿತ್ರ ಎನ್ನುತ್ತಾರೆ. ಇವುಗಳಲ್ಲಿ ನಾಯಕ, ಖಳನಾಯಕ, ಹಾಡು, ಹೊಡೆದಾಟ ಹುಡುಕಬಾರದು. ಕಥೆ ಹೇಳುವುದಕ್ಕಿಂತ ಒಂದು ಪ್ರಶ್ನೆಯನ್ನು ಕಣ್ಣಮುಂದೆ ಇಡುವುದು ಅವುಗಳ ಉದ್ದೇಶ. ಈ ಚಿತ್ರಕ್ಕೆ ಆಧಾರ ಮನೆತನದ ಹಳೆಯ ಅಡುಗೆ ಟಿಪ್ಪಣಿ ಪುಸ್ತಕಗಳು. ಸ್ವಾತಂತ್ರ್ಯಾನಂತರದ ದಶಕಗಳ ಒಂದು 'ಆದರ್ಶ ಕುಟುಂಬ' ಕ್ಯಾಮೆರಾದ ಮುಂದೆ ಬರುತ್ತದೆ. ತಂದೆ, ತಾಯಿ, ಮಗ ಎಲ್ಲರೂ ಶಿಸ್ತಾಗಿ ತಮ್ಮ ತಮ್ಮ ಪಾತ್ರ ಮಾಡುತ್ತಾರೆ. ನೋಡುತ್ತ ನೋಡುತ್ತ ನಗು ಬರುತ್ತದೆ. ಅನಂತರ ಒಂದು ವಿಚಾರ ಹೊಳೆಯುತ್ತದೆ: ನಾವು ಮನೆಯಲ್ಲಿ ಬದುಕುತ್ತಿದ್ದೇವೆಯೋ, ಅಥವಾ ಯಾರೋ ನೋಡುತ್ತಿದ್ದಾರೆಂದು ಒಳ್ಳೆಯ ಕುಟುಂಬದ ಪಾತ್ರ ಮಾಡುತ್ತಿದ್ದೇವೆಯೋ? ಮದುವೆ ಆಲ್ಬಮ್ ತೆಗೆದು ನೋಡಿದರೆ ಈ ಪ್ರಶ್ನೆ ನಮಗೂ ಅನ್ವಯಿಸುತ್ತದೆ ಎಂಬುದು ತಿಳಿಯುತ್ತದೆ.

ಪುಷ್ಪಮಾಲಾ ಅವರು ಬೆಂಗಳೂರಿನಲ್ಲಿ ನೆಲೆಸಿದ ಛಾಯಾಗ್ರಾಹಕಿ ಕ್ಲೇರ್ ಆರ್ನಿಯವರೊಡನೆ 2000ದಿಂದ 2004ರವರೆಗೆ ಮಾಡಿದ ಇನ್ನೊಂದು ದೊಡ್ಡ ಕೆಲಸವಿದೆ. ದಕ್ಷಿಣ ಭಾರತದ ಮಹಿಳೆಯರನ್ನು ಬೇರೆ ಬೇರೆ ಕಾಲದವರು ಹೇಗೆ ಚಿತ್ರಿಸಿದರು ಎಂಬುದನ್ನು ಮತ್ತೆ ಅಭಿನಯಿಸಿ ತೋರಿಸುವ ಛಾಯಾಚಿತ್ರ ಮಾಲೆ ಅದು. ರಾಜಾ ರವಿವರ್ಮನ ಚಿತ್ರದ ಸುಂದರಿ, ಕ್ಯಾಲೆಂಡರಿನ ಲಕ್ಷ್ಮಿ, ಸಿನಿಮಾ ಸ್ಟಿಲ್ಲಿನ ನಾಯಕಿ, ಪತ್ರಿಕೆಯಲ್ಲಿ ಅಚ್ಚಾದ ಆರೋಪಿ ಮಹಿಳೆಯರು, ಹೀಗೆ ಒಂದೊಂದು ವೇಷ.

ಅದರಲ್ಲಿ ಒಂದು ಚಿತ್ರಸರಣಿ ಬ್ರಿಟಿಷರ ಕಾಲವನ್ನು ನೆನಪಿಸುತ್ತದೆ. 1868ರಿಂದ 1875ರ ನಡುವೆ ಬ್ರಿಟಿಷ್ ಸರಕಾರ 'ದಿ ಪೀಪಲ್ ಆಫ್ ಇಂಡಿಯಾ' ಎಂಬ ಎಂಟು ಸಂಪುಟಗಳನ್ನು ಪ್ರಕಟಿಸಿತು. ಭಾರತದ ಜಾತಿ, ಬುಡಕಟ್ಟು, ಕಸುಬುಗಳ ಜನರನ್ನು ಕ್ಯಾಮೆರಾದ ಮುಂದೆ ನಿಲ್ಲಿಸಿ ಮಾದರಿಗಳಂತೆ ಪಟ್ಟಿಮಾಡಿದ ಪುಸ್ತಕಗಳವು. ಅದೇ ಶತಮಾನದ ಕೊನೆಗೆ ಅಂಡಮಾನಿನ ಜನರನ್ನು ಚೌಕಳಿ ಗೆರೆಗಳಿರುವ ಪರದೆಯ ಮುಂದೆ ನಿಲ್ಲಿಸಿ, ಅವರ ದೇಹದ ಅಳತೆ ಕಾಣುವಂತೆ ಫೋಟೊ ತೆಗೆದರು. ಸಂತೆಯಲ್ಲಿ ದನದ ಹಲ್ಲು ನೋಡಿದ ಹಾಗೆ ಮನುಷ್ಯರನ್ನು ನೋಡುವ ಬಗೆ ಇದು. ನಿಂತವರ ಒಪ್ಪಿಗೆಯನ್ನು ಕೇಳುವ ಅಗತ್ಯ ಆಳುವವರಿಗೆ ಕಾಣಲಿಲ್ಲ. ಪುಷ್ಪಮಾಲಾ ಅದೇ ಚೌಕಳಿ ಪರದೆಯ ಮುಂದೆ ತಾವು ನಿಂತು ಆ ನೋಟವನ್ನು ಬಯಲಿಗೆಳೆದರು. ಚಿತ್ರ ತೆಗೆಯುವಾಗಿನ ದೀಪ, ಪರದೆ, ಸಹಾಯಕರು ಕಾಣುವ ಫೋಟೊಗಳನ್ನೂ ಆ ಮಾಲೆಯಲ್ಲಿ ಸೇರಿಸಿದರು. ಕಿಂಡಿಯ ಹಿಂದೆ ಅಡಗಿದ್ದವರನ್ನು ಮುಂದೆ ಕರೆದು ನಿಲ್ಲಿಸಿದಂತಾಯಿತು.

ಇದೇ ಮಾಲೆಯಲ್ಲಿ ನಮ್ಮ ಜಿಲ್ಲೆಯವರು ಹೆಮ್ಮೆಪಡಬೇಕಾದ ಒಂದು ಚಿತ್ರವಿದೆ. ಅದು ಯೋಗಿನಿಯ ಚಿತ್ರ. ಅದಕ್ಕೆ ಮೂಲ ದಖನಿ ಶೈಲಿಯ ಹಳೆಯ ವರ್ಣಚಿತ್ರ. ಕೈಯಲ್ಲಿ ಮೈನಾ ಹಕ್ಕಿ ಹಿಡಿದ, ಎತ್ತರದ ಜಡೆಗಂಟಿನ ಯೋಗಿನಿಯ ಆ ಚಿತ್ರ ಎರಡನೆಯ ಇಬ್ರಾಹಿಂ ಆದಿಲ್‌ಶಾಹನ ಕಾಲದ ಬಿಜಾಪುರದ್ದು. ಇಂದು ಐರ್ಲೆಂಡಿನ ಡಬ್ಲಿನ್ ನಗರದ ಚೆಸ್ಟರ್ ಬೀಟಿ ಗ್ರಂಥಾಲಯದಲ್ಲಿದೆ. ಆ ಯೋಗಿನಿಯ ಮುಖ ನೋಡಿದರೆ ಆಕೆ ನಮ್ಮನ್ನು ಮೆಚ್ಚಿಸಲು ನಿಂತಿಲ್ಲ ಎಂಬುದು ತಿಳಿಯುತ್ತದೆ. ಆಕೆಯ ಕಣ್ಣು ಹಕ್ಕಿಯ ಮೇಲಿದೆ, ನಮ್ಮ ಮೇಲಿಲ್ಲ. ಯಾರಾದರೂ ನೋಡಲಿ, ಬಿಡಲಿ, ತನ್ನ ಗೌರವವನ್ನು ತಾನು ಹೊತ್ತುಕೊಂಡಿರುವ ಮುಖ ಅದು. ನಾಲ್ಕು ನೂರು ವರ್ಷಗಳ ಹಿಂದೆ ನಮ್ಮ ಊರಿನ ಕಲಾವಿದ ಒಬ್ಬ ಹೆಣ್ಣನ್ನು ಹೀಗೆ ಕಾಣಬಲ್ಲವನಾಗಿದ್ದ ಎಂಬುದನ್ನು ನಮ್ಮ ಮಕ್ಕಳಿಗೆ ಹೇಳಬೇಕು.

ಆತ್ಮೀಯರೆ, ಯಾವುದೇ ಚಿತ್ರದಲ್ಲಿ ಮೂವರಿರುತ್ತಾರೆ. ತೆಗೆಯುವವರು, ತೆಗೆಸಿಕೊಳ್ಳುವವರು, ನೋಡುವವರು. ತೆಗೆಸಿಕೊಳ್ಳುವವರಿಗೆ ಗೊತ್ತಿಲ್ಲದಂತೆ ಉಳಿದಿಬ್ಬರು ಸೇರಿದರೆ ಅದು ಹಣಿಕಿ. ಗೊತ್ತಿದ್ದು, ಒಪ್ಪಿ ನಿಂತರೆ ಅದು ಅಭಿನಯ. ಇದಿಷ್ಟೇ ಆಗಿದ್ದರೆ ವಿಷಯ ಸರಳವಾಗಿತ್ತು. ಆದರೆ ಇವೆರಡರ ನಡುವೆ ದೊಡ್ಡ ಜಾಗವಿದೆ. 'ಎಲ್ಲರೂ ರೀಲ್ಸ್ ಮಾಡ್ತಾರ, ನೀ ಯಾಕ ಮಾಡೂದಿಲ್ಲ?' ಎಂದು ಗೆಳತಿಯರು ಒತ್ತಾಯ ಮಾಡಿದಾಗ ಒಪ್ಪಿದ್ದು ಪೂರ್ತಿ ಒಪ್ಪಿಗೆಯೆ? ಒಬ್ಬರಿಗೆಂದು ಕಳಿಸಿದ ಫೋಟೊ ಊರಿಗೆಲ್ಲ ಹೋದರೆ, ಊರಿಗೆಲ್ಲ ಒಪ್ಪಿಗೆ ಕೊಟ್ಟಂತಾಯಿತೆ? ಖಂಡಿತ ಇಲ್ಲ. ಮನೆಗೆ ಬಂದ ಒಬ್ಬ ಅತಿಥಿಗೆ ಬಾಗಿಲು ತೆಗೆದರೆ ಇಡೀ ಓಣಿಗೆ ಬಾಗಿಲು ತೆಗೆದಂತಲ್ಲ.

ಇದಕ್ಕೆ ನಮ್ಮ ವಿಜಯಪುರದ ಕಟ್ಟಡಗಳೇ ಒಳ್ಳೆಯ ಪಾಠ ಹೇಳುತ್ತವೆ. ಇಬ್ರಾಹಿಂ ರೋಜಾದ ಕಿಟಕಿಗಳಲ್ಲಿ ಅರಬ್ಬಿ ಅಕ್ಷರಗಳನ್ನೇ ಕೊರೆದ ಕಲ್ಲಿನ ಜಾಲಂದ್ರಗಳಿವೆ. ಬೆಳಕು, ಗಾಳಿ ಒಳಗೆ ಬರುತ್ತವೆ, ಮರೆಯೂ ಉಳಿಯುತ್ತದೆ. ಎಷ್ಟು ಕಾಣಬೇಕು, ಎಷ್ಟು ಕಾಣಬಾರದು ಎಂಬ ವಿವೇಕ ಆ ಕಲ್ಲಿನಲ್ಲಿದೆ. ಇನ್ನು ಗೋಳಗುಮ್ಮಟದ ಪಿಸುಮಾತಿನ ಮೊಗಸಾಲೆಗೆ ಬನ್ನಿ. ಅಲ್ಲಿ ಒಂದು ಬದಿಯ ಗೋಡೆಗೆ ಬಾಯಿಟ್ಟು ಪಿಸುಗುಟ್ಟಿದರೆ ಎದುರು ಬದಿಯಲ್ಲಿ ಸ್ಪಷ್ಟವಾಗಿ ಕೇಳುತ್ತದೆ; ಒಂದು ಚಪ್ಪಾಳೆ ಹಲವು ಸಲ ಮಾರ್ದನಿಸುತ್ತದೆ. ಮೊಬೈಲ್ ಕೂಡ ಹೀಗೆಯೇ. ಒಬ್ಬರ ಕಿವಿಗೆಂದು ಹೇಳಿದ್ದು ಗುಮ್ಮಟವೆಲ್ಲ ಸುತ್ತುತ್ತದೆ. ವ್ಯತ್ಯಾಸವೆಂದರೆ, ಗುಮ್ಮಟದ ಮಾರ್ದನಿ ಸ್ವಲ್ಪ ಹೊತ್ತಿಗೆ ನಿಲ್ಲುತ್ತದೆ, ಮೊಬೈಲಿನದು ನಿಲ್ಲುವುದಿಲ್ಲ.

ಇದರ ನೋವನ್ನು ನಮ್ಮ ಸಮುದಾಯದ ಹೆಣ್ಣುಮಕ್ಕಳು ಪ್ರತ್ಯಕ್ಷವಾಗಿ ಉಂಡಿದ್ದಾರೆ. 2021ರ ಜುಲೈ ತಿಂಗಳಿನಲ್ಲಿ 'ಸುಲ್ಲಿ ಡೀಲ್ಸ್', 2022ರ ಜನವರಿ 1ರಂದು 'ಬುಲ್ಲಿ ಬಾಯಿ' ಎಂಬ ಹೆಸರಿನ ಆ್ಯಪ್‌ಗಳಲ್ಲಿ ಮುಸ್ಲಿಂ ಮಹಿಳೆಯರ ಫೋಟೊಗಳನ್ನು ಅವರ ಅನುಮತಿಯಿಲ್ಲದೆ ಹಾಕಿ, 'ಹರಾಜಿಗಿದ್ದಾರೆ' ಎಂದು ಅವಮಾನಿಸಲಾಯಿತು. ಅವರಲ್ಲಿ ಪತ್ರಕರ್ತೆಯರು, ವಿಮಾನ ಚಾಲಕಿ, ಸಾಮಾಜಿಕ ಕಾರ್ಯಕರ್ತೆಯರು ಇದ್ದರು. ಅಂದರೆ ಓದಿ ಮುಂದೆ ಬಂದು, ಧೈರ್ಯವಾಗಿ ಮಾತನಾಡಿದವರನ್ನೇ ಆರಿಸಿಕೊಂಡಿದ್ದರು. ಪತ್ರಕರ್ತೆ ಇಸ್ಮತ್ ಆರಾ ಸುಮ್ಮನೆ ಕೂಡಲಿಲ್ಲ; ದಿಲ್ಲಿಯಲ್ಲಿ ಪೊಲೀಸರಿಗೆ ದೂರು ಕೊಟ್ಟರು. ಈ ಪ್ರಕರಣದ ಆರೋಪದ ಮೇಲೆ ಬಂಧಿತರಾದವರಲ್ಲಿ ಬೆಂಗಳೂರಿನಲ್ಲಿ ಇಂಜಿನಿಯರಿಂಗ್ ಓದುತ್ತಿದ್ದ ಇಪ್ಪತ್ತೊಂದು ವರ್ಷದ ಯುವಕನೂ ಇದ್ದ. ಪದವಿ ಓದಿದರಷ್ಟೇ ಮನುಷ್ಯನ ಕಣ್ಣು ಶುದ್ಧವಾಗುವುದಿಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೆ?

2022ರ ಫೆಬ್ರವರಿಯಲ್ಲಿ ನಮ್ಮ ರಾಜ್ಯದ ಶಾಲಾ ಕಾಲೇಜುಗಳ ಗೇಟಿನ ಮುಂದೆ ಟಿ.ವಿ. ಕ್ಯಾಮೆರಾಗಳು ನಿಂತದ್ದನ್ನೂ ನೀವು ಮರೆತಿರಲಾರಿರಿ. ಹೆಣ್ಣುಮಕ್ಕಳು ಬುರ್ಖಾ ತೆಗೆಯುವ ದೃಶ್ಯವನ್ನು ಇಡೀ ದೇಶ ನೋಡಿತು. ಹಿಜಾಬಿನ ಬಗ್ಗೆ ಯಾರ ಅಭಿಪ್ರಾಯ ಏನೇ ಇರಲಿ, ಆ ಮಕ್ಕಳನ್ನು ಹಾಗೆ ಚಿತ್ರಿಸಲು ಯಾರು ಅವರ ಅನುಮತಿ ಕೇಳಿದರು? ಈ ಪ್ರಶ್ನೆಯನ್ನು ಎಲ್ಲ ಪಕ್ಷದವರೂ ಕೇಳಿಕೊಳ್ಳಬೇಕಾಗಿತ್ತು.

ಆದರೆ ಹೊರಗಿನವರ ಕಡೆಗೆ ಬೆರಳು ತೋರಿಸಿ ಸುಮ್ಮನಾಗುವುದು ನ್ಯಾಯವಲ್ಲ. ನಮ್ಮೊಳಗೆ ಏನು ನಡೆಯುತ್ತದೆ ನೋಡಿ. ಒಂದು ಹುಡುಗಿಯ ಫೋಟೊ ಹರಿದಾಡಿತು ಎನ್ನಿ. ತೆಗೆದವನು ಮರುದಿನವೂ ಕಾಲೇಜಿಗೆ ಹೋಗುತ್ತಾನೆ. ಕಳಿಸಿದವನು ಹೋಟೆಲಿನಲ್ಲಿ ಕೂತು ಚಹಾ ಕುಡಿಯುತ್ತಾನೆ. ನೋಡಿದವರು ಗೌರವಸ್ಥರಾಗಿಯೇ ಉಳಿಯುತ್ತಾರೆ. ಮನೆಯಲ್ಲಿ ಕೂಡಬೇಕಾದವಳು ಹುಡುಗಿ. 'ಮೊಬೈಲ್ ಕಸಕೊಳ್ರಿ, ಕಾಲೇಜ್ ಬಿಡಸ್ರಿ, ಲಗೂನ ಒಂದು ಲಗ್ನ ಮಾಡ್ರಿ' ಎಂದು ಸಲಹೆ ಕೊಡಲು ಹತ್ತು ಜನ ಬರುತ್ತಾರೆ. ಕಳ್ಳತನವಾದ ಮನೆಯವರಿಗೇ ಶಿಕ್ಷೆ ಕೊಟ್ಟಂತಾಗಲಿಲ್ಲವೆ? ಇದಕ್ಕಿಂತಲೂ ಕೆಟ್ಟ ಪರಿಣಾಮ ಇನ್ನೊಂದಿದೆ. ಹೇಳಿದರೆ ಓದು ಬಿಡಿಸುತ್ತಾರೆ ಎಂಬ ಭಯದಿಂದ ಹುಡುಗಿಯರು ಮನೆಯಲ್ಲಿ ಹೇಳುವುದೇ ಇಲ್ಲ. ಬೆದರಿಸುವವನಿಗೆ ಬೇಕಾದದ್ದೂ ಆ ಮೌನವೇ.

ಈಗ ಕಾನೂನಿನ ಮಾತು. 2012ರ ದಿಲ್ಲಿ ಘಟನೆಯ ನಂತರ 2013ರಲ್ಲಿ ಭಾರತೀಯ ದಂಡ ಸಂಹಿತೆಗೆ 354ಸಿ ಎಂಬ ಕಲಮು ಸೇರಿತು. ಮಹಿಳೆಯ ಖಾಸಗಿ ಕ್ಷಣಗಳನ್ನು ಕದ್ದು ನೋಡುವುದು, ಚಿತ್ರಿಸುವುದು, ಹಂಚುವುದು ಅಪರಾಧವಾಯಿತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಇದು 77ನೆಯ ಕಲಮು. ಮೊದಲ ಸಲ ಅಪರಾಧ ಸಾಬೀತಾದರೆ ಒಂದರಿಂದ ಮೂರು ವರ್ಷ ಜೈಲು ಮತ್ತು ದಂಡ. ಮತ್ತೆ ಮಾಡಿದರೆ ಮೂರರಿಂದ ಏಳು ವರ್ಷ. ಈ ಕಲಮಿನ ಒಂದು ವಿವರಣೆಯನ್ನು ಪ್ರತಿಯೊಬ್ಬ ವಿದ್ಯಾರ್ಥಿನಿ ನೆನಪಿಡಬೇಕು: ಚಿತ್ರ ತೆಗೆಯಲು ಒಪ್ಪಿದ್ದರೂ ಹಂಚಲು ಒಪ್ಪಿರದಿದ್ದರೆ, ಹಂಚಿದ್ದು ಅಪರಾಧವೇ. 'ನೀನೇ ಕಳಿಸಿದ್ದಿ' ಎಂಬ ಬೆದರಿಕೆಗೆ ಕಾನೂನಿನಲ್ಲಿ ಬೆಲೆಯಿಲ್ಲ. ಮಾಹಿತಿ ತಂತ್ರಜ್ಞಾನ ಕಾಯ್ದೆಯ 66ಇ ಕಲಮಿನಲ್ಲಿ ಯಾರದೇ ದೇಹದ ಖಾಸಗಿ ಭಾಗದ ಚಿತ್ರವನ್ನು ಒಪ್ಪಿಗೆಯಿಲ್ಲದೆ ತೆಗೆದರೆ ಅಥವಾ ಹರಡಿದರೆ ಮೂರು ವರ್ಷದವರೆಗೆ ಜೈಲು ಅಥವಾ ಎರಡು ಲಕ್ಷ ರೂಪಾಯಿವರೆಗೆ ದಂಡ, ಇಲ್ಲವೆ ಎರಡೂ ಆಗಬಹುದು. ಹುಡುಗಿ ಅಥವಾ ಹುಡುಗ ಹದಿನೆಂಟು ವರ್ಷದೊಳಗಿನವರಾದರೆ 2012ರ ಪೋಕ್ಸೊ ಕಾಯ್ದೆ ಇನ್ನೂ ಕಠಿಣವಾಗಿದೆ.

ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಾಧೀಶರ ಪೀಠ 2017ರ ಆಗಸ್ಟ್ 24ರಂದು ತೀರ್ಪು ಕೊಟ್ಟಿತು. ಆ ಮೊಕದ್ದಮೆ ಹೂಡಿದವರು ನಮ್ಮ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು. ಎಂಬತ್ತು ದಾಟಿದ ವಯಸ್ಸಿನಲ್ಲಿ ಕೋರ್ಟಿನ ಮೆಟ್ಟಿಲು ಹತ್ತಿ, ದೇಶದ ಪ್ರತಿಯೊಬ್ಬರಿಗೂ ಒಂದು ಹಕ್ಕು ಗಟ್ಟಿಯಾಗುವಂತೆ ಮಾಡಿದರು. 2024ರಲ್ಲಿ ತೀರಿಕೊಂಡ ಆ ಹಿರಿಯರನ್ನು ನಾವು ಕೃತಜ್ಞತೆಯಿಂದ ನೆನೆಯಬೇಕು.

ಕಾನೂನು ಬರುವ ಎಷ್ಟೋ ಮೊದಲೇ ನಮ್ಮ ಧರ್ಮ ಈ ವಿಷಯದಲ್ಲಿ ದಾರಿ ತೋರಿಸಿದೆ. ಇನ್ನೊಬ್ಬರ ಮನೆಗೆ ಹೋಗುವಾಗ ಅನುಮತಿ ಪಡೆದು, ಸಲಾಂ ಹೇಳಿ ಒಳಗೆ ಹೋಗಬೇಕೆಂದು ಪವಿತ್ರ ಕುರ್‌ಆನಿನ ಸೂರಃ ಅನ್ನೂರ್ ಕಲಿಸುತ್ತದೆ. ಅನುಮತಿ ಕೇಳುವ ಕಟ್ಟಳೆ ಇರುವುದೇ ಕಣ್ಣಿನ ಕಾರಣಕ್ಕಾಗಿ ಎಂಬ ಅರ್ಥದ ಪ್ರವಾದಿ(ಸ) ವಚನವೂ ಇದೆ. ದೃಷ್ಟಿ ತಗ್ಗಿಸುವ ಆದೇಶ ಅದೇ ಸೂರಃದಲ್ಲಿ ಮೊದಲು ಬಂದಿರುವುದು ಪುರುಷರಿಗೆ, ಅನಂತರ ಸ್ತ್ರೀಯರಿಗೆ. ಈ ಕ್ರಮವನ್ನು ನಾವು ಎಷ್ಟು ಸುಲಭವಾಗಿ ಮರೆಯುತ್ತೇವೆ! ಇತರರ ಗುಟ್ಟು ಕೆದಕಬಾರದೆಂದು ಸೂರಃ ಅಲ್ ಹುಜುರಾತ್ ಎಚ್ಚರಿಸುತ್ತದೆ. ಮೊಬೈಲಿನ ಪರದೆಯೂ ಒಂದು ಬಾಗಿಲು. ಅದರ ಮುಂದೆಯೂ ಅನುಮತಿ ಕೇಳುವುದು ಅಗತ್ಯ.

ಹುಡುಗರೆ, ನಿಮಗೆ ಮೊದಲು ಹೇಳುತ್ತೇನೆ. ನಿಮ್ಮ ಮೊಬೈಲಿಗೆ ಯಾರದೋ ಅಂಥ ಚಿತ್ರ ಬಂದರೆ, ಅದನ್ನು ಮುಂದೆ ಕಳಿಸುವ ನಿಮ್ಮ ಬೆರಳೇ ಇನ್ನೊಂದು ಕಿಂಡಿ ಕೊರೆಯುತ್ತದೆ. 'ನಾನೇನು ತೆಗೆದಿಲ್ಲ, ಬಂದದ್ದನ್ನು ಕಳಿಸಿದೆ' ಎಂಬ ಮಾತು ಕೋರ್ಟಿನಲ್ಲೂ ನಿಲ್ಲದು, ಅಲ್ಲಾಹನ ಮುಂದೆಯೂ ನಿಲ್ಲದು. ಅಲ್ಲಿಯೇ ನಿಲ್ಲಿಸಿ. ಗೆಳೆಯ ನಕ್ಕರೂ ನಿಲ್ಲಿಸಿ.

ಹುಡುಗಿಯರೆ, ಯಾರಾದರೂ ಚಿತ್ರ ಇಟ್ಟುಕೊಂಡು ಬೆದರಿಸಿದರೆ ಒಬ್ಬರೇ ಹೊರಬೇಡಿ. ಸಂದೇಶಗಳನ್ನು ಅಳಿಸಬೇಡಿ, ಅವು ಸಾಕ್ಷಿ. ತಾಯಿಗೋ, ಅಕ್ಕನಿಗೋ, ನಂಬಿಕೆಯ ಶಿಕ್ಷಕಿಗೋ ಹೇಳಿ. ಹತ್ತಿರದ ಯಾವುದೇ ಪೊಲೀಸ್ ಠಾಣೆಯಲ್ಲಿ ದೂರು ಕೊಡಬಹುದು. ನಮ್ಮ ಹದ್ದಿಗೆ ಬರುವುದಿಲ್ಲ ಎಂದು ವಾಪಸು ಕಳಿಸುವಂತಿಲ್ಲ. ಮಕ್ಕಳಿಗಾಗಿ 1098, ತುರ್ತಿಗೆ 112 ಇವೆ.

ತಂದೆ ತಾಯಂದಿರೆ, ಮಗಳು ಬಂದು ಹೇಳಿದ ದಿನ ನಿಮ್ಮ ಬಾಯಿಂದ ಬರುವ ಮೊದಲ ಮಾತು ಬಹಳ ದೊಡ್ಡದು. 'ನಿನ್ನ ಓದು ನಿಲ್ಲೂದಿಲ್ಲವಾ, ಮುಂದಿಂದು ನಾವು ನೋಡ್ತೀವಿ' ಎಂಬ ಒಂದು ಮಾತು ಆಕೆಯ ಜೀವ ಉಳಿಸಬಹುದು. ಸಂಸ್ಥೆಯ ಪದಾಧಿಕಾರಿಗಳಲ್ಲಿ ನನ್ನದೊಂದು ವಿನಂತಿ: ಚಿತ್ರ ಹರಿದಾಡಿತೆಂಬ ಕಾರಣಕ್ಕೆ ನಮ್ಮ ಯಾವ ವಿದ್ಯಾರ್ಥಿನಿಯ ಓದೂ ನಿಲ್ಲಬಾರದು ಎಂದು ಠರಾವು ಮಾಡಿ. ಅಂಥ ಮನೆಗೆ ಸಲಹೆ ಕೊಡಲು ಹತ್ತು ಜನ ಹೋಗುವ ಮೊದಲು ಸಂಸ್ಥೆಯಿಂದ ಇಬ್ಬರು ಹಿರಿಯ ಹೆಣ್ಣುಮಕ್ಕಳು ಹೋಗಿ ಧೈರ್ಯ ಹೇಳುವ ವ್ಯವಸ್ಥೆಯಾಗಲಿ.

ಕ್ಯಾಮೆರಾಕ್ಕೆ ಹೆದರಿ ಅದನ್ನು ದೂರ ಇಡಬೇಕೆಂದು ನಾನು ಹೇಳುತ್ತಿಲ್ಲ. ಅದನ್ನು ಕಲಿಯಬೇಕು ಎನ್ನುತ್ತಿದ್ದೇನೆ. 2003ರಲ್ಲಿ ಸ್ಥಾಪನೆಯಾದ ರಾಜ್ಯದ ಮೊದಲ ಮಹಿಳಾ ವಿಶ್ವವಿದ್ಯಾಲಯ ನಮ್ಮ ವಿಜಯಪುರದಲ್ಲಿಯೇ ಇದೆ. ಇಂದು ಅದು ಅಕ್ಕಮಹಾದೇವಿಯ ಹೆಸರು ಹೊತ್ತಿದೆ. ಅಲ್ಲಿ ಪತ್ರಿಕೋದ್ಯಮದ ವಿಭಾಗವಿದೆ. ನಮ್ಮ ಹುಡುಗಿಯರು ಅಲ್ಲಿ ಓದಿ ಕ್ಯಾಮೆರಾದ ಹಿಂದೆಯೂ ನಿಲ್ಲಲಿ.

ಆಸಕ್ತ ವಿದ್ಯಾರ್ಥಿಗಳಿಗೆ ಒಂದು ಚಿಕ್ಕ ಅಭ್ಯಾಸ ಕೊಡುತ್ತೇನೆ. ಮೊಬೈಲಿನಲ್ಲಿ ಮೂರು ನಿಮಿಷದ ಒಂದು ಕಿರುಚಿತ್ರ ಮಾಡಿ. ನಿಯಮಗಳು ಮೂರೇ. ಒಂದು, ಚಿತ್ರದಲ್ಲಿ ಬರುವ ಪ್ರತಿಯೊಬ್ಬರ ಅನುಮತಿಯನ್ನು ಮೊದಲೇ ಕೇಳಬೇಕು, ಏತಕ್ಕೆ, ಯಾರಿಗೆ ತೋರಿಸುತ್ತೀರಿ ಎಂದು ಹೇಳಬೇಕು. ಎರಡು, ಕ್ಯಾಮೆರಾ ಹಿಡಿದವರು ಒಮ್ಮೆಯಾದರೂ ಚಿತ್ರದೊಳಗೆ ಕಾಣಬೇಕು. ಮೂರು, ಮುಗಿದ ಮೇಲೆ ಚಿತ್ರವನ್ನು ಮೊದಲು ಅದರಲ್ಲಿ ಇರುವವರಿಗೇ ತೋರಿಸಬೇಕು. ಅವರು ಬೇಡ ಎಂದ ಭಾಗವನ್ನು ತೆಗೆಯಬೇಕು. ಓಣಿಯ ಬಾವಿಯ ಬಗ್ಗೆ ಮಾಡಿ, ರೊಟ್ಟಿ ಬಡಿಯುವ ಅಜ್ಜಿಯ ಬಗ್ಗೆ ಮಾಡಿ, ದ್ರಾಕ್ಷಿ ತೋಟದ ಕೂಲಿಯವರ ಬಗ್ಗೆ ಮಾಡಿ. ಈ ಮೂರು ನಿಯಮ ಪಾಲಿಸಿದರೆ ಹಣಿಕಿ ಹಾಕುವ ಕಣ್ಣಿಗೂ ಗೌರವದಿಂದ ನೋಡುವ ಕಣ್ಣಿಗೂ ಇರುವ ವ್ಯತ್ಯಾಸ ಯಾರೂ ಹೇಳಿಕೊಡದೆ ನಿಮಗೆ ತಿಳಿಯುತ್ತದೆ. ಮುಂದಿನ ವರ್ಷದ ಸಮಾರಂಭದಲ್ಲಿ ಅಂಥ ನಾಲ್ಕಾರು ಚಿತ್ರಗಳನ್ನು ಈ ವೇದಿಕೆಯ ಮೇಲೆ ತೋರಿಸುವಂತಾಗಲಿ ಎಂದು ಹಾರೈಸುತ್ತೇನೆ.